ಅಮೆರಿಕದ ಬಹುತೇಕ ರಾಜ್ಯಗಳ ರಾಜಧಾನಿ ಅಲ್ಲಿನ ದೊಡ್ಡ ನಗರವಲ್ಲ, ಏಕೆ?

ಪ್ರಶ್ನೆ: ಸಮಾಜವಿಜ್ಞಾನ ಮೇಷ್ಟ್ರು, ಸಾಗರ

ಎಲ್ಲರಿಗೂ ನಮಸ್ಕಾರ. ಪ್ರೌಢಶಾಲೆಯೊಂದರಲ್ಲಿ ಸಮಾಜವಿಜ್ಞಾನ ಕಲಿಸುತ್ತೇನೆ. ತಾಲ್ಲೂಕು ಮಟ್ಟದ ರಸಪ್ರಶ್ನೆ ಸ್ಪರ್ಧೆಗೆ ಮಕ್ಕಳನ್ನು ಸಿದ್ಧಪಡಿಸುವಾಗ ಅಮೆರಿಕದ ರಾಜ್ಯಗಳ ರಾಜಧಾನಿಗಳ ಬಗ್ಗೆ ಒಂದು ಕಿರುಪರೀಕ್ಷೆ ಕೊಟ್ಟಿದ್ದೆ. ಉತ್ತರಪತ್ರಿಕೆಗಳನ್ನು ತಿದ್ದುತ್ತ ಕುಳಿತಾಗ ಮಕ್ಕಳ ತಪ್ಪುಗಳಲ್ಲಿಯೂ ಒಂದು ಕ್ರಮವಿದೆ ಎನ್ನಿಸಿತು. ಅವರು ತೋಚಿದ್ದನ್ನು ಗೀಚಿರಲಿಲ್ಲ. ಆಯಾ ರಾಜ್ಯದಲ್ಲಿ ತಾವು ಹೆಸರು ಕೇಳಿದ್ದ ದೊಡ್ಡ ಊರು ಯಾವುದೋ ಅದನ್ನೇ ರಾಜಧಾನಿಯೆಂದು ಬರೆದಿದ್ದರು. ನ್ಯೂಯಾರ್ಕ್ ರಾಜ್ಯಕ್ಕೆ ನ್ಯೂಯಾರ್ಕ್ ನಗರ, ಇಲಿನಾಯ್‌ಗೆ ಶಿಕಾಗೊ, ಕ್ಯಾಲಿಫೋರ್ನಿಯಾಕ್ಕೆ ಲಾಸ್ ಏಂಜಲೀಸ್, ಫ್ಲಾರಿಡಾಕ್ಕೆ ಮಯಾಮಿ, ನೆವಾಡಾಕ್ಕೆ ಲಾಸ್ ವೇಗಸ್. ಬೆಂಗಳೂರು, ಚೆನ್ನೈ, ಮುಂಬೈ, ಹೈದರಾಬಾದುಗಳನ್ನು ರಾಜಧಾನಿಗಳೆಂದು ಕಲಿತು ಬೆಳೆದ ಮಕ್ಕಳಿಗೆ ಹಾಗೆ ತೋರುವುದು ಸಹಜವೇ. ನಮ್ಮಲ್ಲಿ ಬೆಳಗಾವಿಯಲ್ಲಿ 2012ರಲ್ಲಿ ಸುವರ್ಣ ವಿಧಾನಸೌಧ ಉದ್ಘಾಟನೆಯಾಗಿ ಅಲ್ಲಿ ಅಧಿವೇಶನ ನಡೆಯುತ್ತಿದ್ದರೂ ರಾಜಧಾನಿ ಬೆಂಗಳೂರಿನಲ್ಲಿಯೇ ಇದೆಯಷ್ಟೆ.

ಸರಿಯುತ್ತರಗಳನ್ನು ಹೇಳಿಕೊಟ್ಟ ಕೂಡಲೇ ಒಬ್ಬಳು ಎದ್ದು ನಿಂತು, "ಸಾರ್, ಅಷ್ಟು ದೊಡ್ಡ ಊರು ಬಿಟ್ಟು ಹೆಸರೇ ಕೇಳದ ಊರಿಗೆ ಯಾಕೆ ಹೋದರು?" ಎಂದು ಕೇಳಿದಳು. ನಾಳೆ ಹೇಳುತ್ತೇನೆ ಎಂದು ಬಂದಿದ್ದೇನೆ. ಪಟ್ಟಿಯನ್ನು ಬಾಯಿಪಾಠ ಮಾಡಿಸುವುದು ನನಗೂ ಬೇಸರದ ಕೆಲಸ. ಆದ್ದರಿಂದ ತಿಳಿದವರಲ್ಲಿ ನನ್ನ ಕೋರಿಕೆ ಇಷ್ಟು: ರಾಜಧಾನಿಗಳನ್ನು ಹೀಗೆ ಆರಿಸಿದ್ದಕ್ಕೆ ಏನಾದರೂ ನಿಯಮವಿತ್ತೇ, ಅಥವಾ ಒಂದೊಂದು ರಾಜ್ಯದ್ದು ಒಂದೊಂದು ಕಥೆಯೇ? ಮಕ್ಕಳಿಗೆ ಹೇಳಬಹುದಾದ ನಿಜವಾದ ಪ್ರಸಂಗಗಳಿದ್ದರೆ ದಯವಿಟ್ಟು ಸ್ವಲ್ಪ ವಿವರವಾಗಿಯೇ ಬರೆಯಿರಿ.

ಉತ್ತರ: ನಕಾಶೆಪ್ರಿಯ

ಮೇಷ್ಟ್ರೇ, ನಿಮ್ಮ ಮಕ್ಕಳ ಊಹೆ ಐವತ್ತರಲ್ಲಿ ಸುಮಾರು ಮೂರನೆಯ ಒಂದು ಪಾಲು ರಾಜ್ಯಗಳ ಮಟ್ಟಿಗೆ ಸರಿಯಾಗಿಯೇ ಇದೆ. ಬಾಸ್ಟನ್, ಅಟ್ಲಾಂಟಾ, ಡೆನ್ವರ್, ಫೀನಿಕ್ಸ್, ಇಂಡಿಯಾನಾಪೊಲಿಸ್, ಕೊಲಂಬಸ್, ಸಾಲ್ಟ್ ಲೇಕ್ ಸಿಟಿ, ಹೊನೊಲುಲು ಮೊದಲಾದವು ರಾಜಧಾನಿಗಳೂ ಹೌದು, ತಮ್ಮ ರಾಜ್ಯದ ಅತಿ ದೊಡ್ಡ ನಗರಗಳೂ ಹೌದು. ಉಳಿದ ಮೂವತ್ತಕ್ಕೂ ಹೆಚ್ಚು ರಾಜ್ಯಗಳಲ್ಲಿ ಮಾತ್ರ ನೀವು ಹೇಳಿದ ಹಾಗೆ ಆಗಿದೆ.

ರಾಜಧಾನಿ ಎಲ್ಲಿರಬೇಕು ಎಂಬುದಕ್ಕೆ ದೇಶಕ್ಕೆಲ್ಲ ಅನ್ವಯಿಸುವ ನಿಯಮ ಯಾವುದೂ ಇರಲಿಲ್ಲ, ಈಗಲೂ ಇಲ್ಲ. ಪ್ರತಿಯೊಂದು ರಾಜ್ಯವೂ ತನ್ನ ಶಾಸನಸಭೆಯಲ್ಲಿ ಜಗಳವಾಡಿಯೋ ಮತದಾನ ನಡೆಸಿಯೋ ತಾನೇ ತೀರ್ಮಾನಿಸಿಕೊಂಡಿತು. ಹಾಗಿದ್ದರೂ ಹದಿನೆಂಟನೆಯ ಶತಮಾನದ ಕೊನೆಯ ಭಾಗದಲ್ಲಿ ಪೂರ್ವ ಕರಾವಳಿಯ ಹಲವು ರಾಜ್ಯಗಳು ಬಹುತೇಕ ಒಂದೇ ಕಾರಣಕ್ಕಾಗಿ ಒಂದೇ ಬಗೆಯ ನಿರ್ಧಾರ ಮಾಡಿದವು. ಬ್ರಿಟಿಷರ ಆಳ್ವಿಕೆಯಲ್ಲಿ ಆಡಳಿತ ಕೇಂದ್ರಗಳು ಹೆಚ್ಚಾಗಿ ಬಂದರು ಪಟ್ಟಣಗಳಲ್ಲಿದ್ದವು, ಏಕೆಂದರೆ ಲಂಡನ್ನಿನ ಆಜ್ಞೆ, ಅಧಿಕಾರಿ, ಸರಕು ಎಲ್ಲವೂ ಹಡಗಿನಲ್ಲಿಯೇ ಬರಬೇಕಿತ್ತು. ಸ್ವಾತಂತ್ರ್ಯ ಬಂದ ಮೇಲೆ ಈ ವ್ಯವಸ್ಥೆ ಎರಡು ಕಡೆಯಿಂದ ಅಸಮಾಧಾನಕ್ಕೆ ಗುರಿಯಾಯಿತು. ಒಳನಾಡಿನಲ್ಲಿ ಹೊಸದಾಗಿ ಭೂಮಿ ಮಾಡಿಕೊಂಡು ನೆಲೆಸಿದ್ದ ರೈತರಿಗೆ, ಬಂದರಿನ ವರ್ತಕರ ಕಣ್ಣೆದುರಿನಲ್ಲಿಯೇ, ಅವರ ಊಟದ ಮೇಜಿನ ಪಕ್ಕದಲ್ಲಿಯೇ ಶಾಸನಸಭೆ ಸೇರುವುದು ಸರಿಬರಲಿಲ್ಲ. ತಮ್ಮ ಪ್ರತಿನಿಧಿ ಕುದುರೆಯ ಮೇಲೆ ವಾರಗಟ್ಟಲೆ ದಾರಿ ಸವೆಸಿ ಕರಾವಳಿಗೆ ಹೋಗಬೇಕು, ವರ್ತಕನಾದರೋ ಮನೆಯಿಂದ ನಡೆದುಕೊಂಡು ಬಂದು ಕೂರುತ್ತಾನೆ ಎಂಬ ದೂರು ಎಲ್ಲ ಕಡೆಯೂ ಇತ್ತು. ಇನ್ನೊಂದು ಭಯ ಶತ್ರುವಿನ ಯುದ್ಧನೌಕೆಯದು.

ನ್ಯೂಯಾರ್ಕಿನ ಉದಾಹರಣೆಯಲ್ಲಿ ಇವೆರಡೂ ಕಾಣುತ್ತವೆ. 1776ರಲ್ಲಿ ಬ್ರಿಟಿಷ್ ಸೈನ್ಯ ಆ ನಗರವನ್ನು ವಶಪಡಿಸಿಕೊಂಡದ್ದು 1783ರ ನವೆಂಬರ್‌ವರೆಗೂ ಬಿಟ್ಟುಕೊಡಲಿಲ್ಲ. ಅಂದರೆ ರಾಜ್ಯವೊಂದು ಹುಟ್ಟಿದಾಗ ಅದರ ಅತಿ ದೊಡ್ಡ ಊರೇ ವೈರಿಯ ಕೈಯಲ್ಲಿತ್ತು. ಹೊಸ ಸರ್ಕಾರ ಹಡ್ಸನ್ ನದಿಯ ಮೇಲ್ಭಾಗದ ಕಿಂಗ್‌ಸ್ಟನ್ ಎಂಬ ಊರಿನಲ್ಲಿ 1777ರಲ್ಲಿ ಕೆಲಸ ಆರಂಭಿಸಿತು. ಅದೇ ವರ್ಷದ ಅಕ್ಟೋಬರಿನಲ್ಲಿ ಬ್ರಿಟಿಷರು ನದಿಯಲ್ಲಿ ಮೇಲೇರಿ ಬಂದು ಆ ಊರನ್ನು ಸುಟ್ಟುಹಾಕಿದರು. ಆಮೇಲೆ ಶಾಸನಸಭೆ ಊರಿಂದೂರಿಗೆ ಅಲೆದು 1797ರಲ್ಲಿ ಆಲ್ಬನಿಯಲ್ಲಿ ನೆಲೆ ನಿಂತಿತು. ಡಚ್ಚರು 1624ರಲ್ಲಿ ಕೋಟೆ ಕಟ್ಟಿ ತುಪ್ಪಳದ ವ್ಯಾಪಾರ ನಡೆಸಿದ್ದ ಜಾಗವದು. ಸಮುದ್ರದಿಂದ ಸುಮಾರು 240 ಕಿ.ಮೀ. ಒಳಗಿದ್ದರೂ ಹಡಗುಗಳು ಅಲ್ಲಿಯವರೆಗೆ ಬರಬಹುದಾಗಿತ್ತು, ಪಶ್ಚಿಮಕ್ಕೆ ಹೋಗುವ ಮೊಹಾಕ್ ಕಣಿವೆಯ ದಾರಿಯೂ ಅಲ್ಲಿಯೇ ತೆರೆದುಕೊಳ್ಳುತ್ತಿತ್ತು. ಆ ಕಾಲಕ್ಕೆ ಇದು ಜಾಣತನದ ಆಯ್ಕೆಯೇ. ಆದರೆ 1825ರಲ್ಲಿ ಆಲ್ಬನಿಯ ಬಳಿಯಿಂದ ಹೊರಟ ಈರೀ ಕಾಲುವೆ ಪೂರ್ಣವಾದಾಗ, ದೇಶದ ಒಳನಾಡಿನ ಧಾನ್ಯವೆಲ್ಲ ಆಲ್ಬನಿಯನ್ನು ದಾಟಿ ನ್ಯೂಯಾರ್ಕ್ ಬಂದರಿಗೆ ಹರಿಯತೊಡಗಿ, ನಗರ ಹಿಡಿತಕ್ಕೆ ಸಿಗದಷ್ಟು ಬೆಳೆಯಿತು. 2020ರ ಜನಗಣತಿಯಲ್ಲಿ ನ್ಯೂಯಾರ್ಕ್ ನಗರದ್ದು 88 ಲಕ್ಷ, ಆಲ್ಬನಿಯದು ಒಂದು ಲಕ್ಷಕ್ಕೂ ತುಸು ಕಡಿಮೆ.

ದಕ್ಷಿಣ ಕೆರೊಲಿನಾ 1786ರಲ್ಲಿ ಚಾರ್ಲ್ಸ್‌ಟನ್ ಬಂದರನ್ನು ಬಿಟ್ಟು ಒಳನಾಡಿನಲ್ಲಿ ಕೊಲಂಬಿಯಾ ಎಂಬ ಹೊಸ ಊರನ್ನು ಗೆರೆ ಹಾಕಿ ಕಟ್ಟಲು ನಿರ್ಧರಿಸಿತು. ಪೆನ್ಸಿಲ್ವೇನಿಯಾ 1799ರಲ್ಲಿ ಫಿಲಡೆಲ್ಫಿಯಾದಿಂದ ಲ್ಯಾಂಕಾಸ್ಟರ್‌ಗೆ, 1812ರಲ್ಲಿ ಅಲ್ಲಿಂದ ಹ್ಯಾರಿಸ್‌ಬರ್ಗ್‌ಗೆ ಸರಿಯಿತು. ಉತ್ತರ ಕೆರೊಲಿನಾದವರದು ನನಗೆ ಬಹಳ ಇಷ್ಟವಾದ ಪ್ರಸಂಗ: ಯಾವ ಊರನ್ನೂ ಒಪ್ಪಿಕೊಳ್ಳಲಾಗದೆ, ಐಸಾಕ್ ಹಂಟರ್ ಎಂಬಾತನ ಜಾಗದಿಂದ ಹತ್ತು ಮೈಲಿಯ ಒಳಗೆ ರಾಜಧಾನಿ ಇರಬೇಕೆಂದು 1788ರಲ್ಲಿ ಗೊತ್ತುಮಾಡಿದರು. ಹಂಟರನದು ದಾರಿಹೋಕರು ತಂಗುವ ಪಾನಗೃಹ. ಅಲ್ಲಿಗೆ ಸಮೀಪದಲ್ಲಿ 1792ರಲ್ಲಿ ಸಾವಿರ ಎಕರೆ ಕೊಂಡು ಕಟ್ಟಿದ ಊರೇ ರಾಲಿ.

ಫ್ಲಾರಿಡಾದ ಕಥೆ ಮಕ್ಕಳಿಗೆ ಬೇಗ ಹಿಡಿಸುತ್ತದೆ. ಸ್ಪೇನಿನಿಂದ 1821ರಲ್ಲಿ ಆ ಪ್ರದೇಶ ಅಮೆರಿಕದ ಕೈಗೆ ಬಂದಾಗ ಅಲ್ಲಿ ಹೇಳಿಕೊಳ್ಳುವಂಥ ಊರುಗಳು ಎರಡೇ: ಪಶ್ಚಿಮದ ತುದಿಯಲ್ಲಿ ಪೆನ್ಸಕೋಲಾ, ಪೂರ್ವದ ಕರಾವಳಿಯಲ್ಲಿ ಸೇಂಟ್ ಆಗಸ್ಟೀನ್. ಮೊದಲ ಸಭೆ ಒಂದರಲ್ಲಿ, ಎರಡನೆಯದು ಇನ್ನೊಂದರಲ್ಲಿ ಸೇರಿತು. ಇಡೀ ಪರ್ಯಾಯದ್ವೀಪವನ್ನು ಸುತ್ತಿಕೊಂಡು ಹಡಗಿನಲ್ಲಿ ಬರಬೇಕಾದ ಸದಸ್ಯರ ಪಾಡು ಯಾರಿಗೂ ಬೇಡ. ಕೊನೆಗೆ ಎರಡು ಬೀಗರ ಊರಿಗೂ ನಡುವೆ ಮದುವೆಯ ಛತ್ರ ಹುಡುಕಿದ ಹಾಗೆ, ಆ ಊರಿನಿಂದ ಒಬ್ಬ, ಈ ಊರಿನಿಂದ ಒಬ್ಬ ಹೊರಟು ಜಾಗ ನೋಡಿದರು. 1824ರಲ್ಲಿ ಟ್ಯಾಲಹಾಸಿ ಗೊತ್ತಾಯಿತು, ಮರದ ದಿಮ್ಮಿಗಳ ಗುಡಿಸಲಿನಲ್ಲಿ ಸಭೆ ಸೇರಿತು. ಮಯಾಮಿ ನಗರವಾಗಿ ಹುಟ್ಟಿದ್ದು 1896ರಲ್ಲಿ. ನಿಮ್ಮ ವಿದ್ಯಾರ್ಥಿನಿಯ ಪ್ರಶ್ನೆಗೆ ಇದೇ ಒಂದು ಉತ್ತರ: ಅವರು ದೊಡ್ಡ ಊರನ್ನು ಬಿಟ್ಟು ಹೋಗಲಿಲ್ಲ, ಆಗ ಆ ದೊಡ್ಡ ಊರು ಇರಲೇ ಇಲ್ಲ.

ಉತ್ತರ: ಧಾರವಾಡದಿಂದ ಓಹಾಯೋಗೆ

ನಕಾಶೆಪ್ರಿಯರು ಬರೆದದ್ದೆಲ್ಲ ಸರಿಯೇ. ಆದರೆ ರೈತರ ಅನುಕೂಲ, ನಕಾಶೆಯ ನಡುಭಾಗ ಎಂದು ಹೇಳಿ ಮುಗಿಸಿದರೆ ಶಾಸಕರೆಲ್ಲ ಬಹಳ ಸಾತ್ವಿಕರಾಗಿದ್ದರು ಎಂಬ ಭಾವನೆ ಬರುತ್ತದೆ. ಅಪ್ಪಲೇಶಿಯನ್ ಬೆಟ್ಟಗಳನ್ನು ದಾಟಿ ಪಶ್ಚಿಮಕ್ಕೆ ಬಂದ ಮೇಲಂತೂ ರಾಜಧಾನಿಯ ಆಯ್ಕೆಯೆಂದರೆ ಜಮೀನಿನ ವ್ಯವಹಾರವೇ ಆಗಿತ್ತು. ಖಾಲಿ ನೆಲವನ್ನು ಅಗ್ಗಕ್ಕೆ ಹಿಡಿದು, ಅಲ್ಲಿಗೆ ಸರ್ಕಾರವನ್ನು ಕರೆತಂದರೆ, ನಿವೇಶನಗಳ ಬೆಲೆ ರಾತ್ರೋರಾತ್ರಿ ಏರುತ್ತದೆ. ಈ ಲೆಕ್ಕ ನಮ್ಮ ಊರಿನ ರಿಂಗ್ ರಸ್ತೆಯ ಆಸುಪಾಸಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ.

ನಾನಿರುವ ಕೊಲಂಬಸ್ ನಗರವೇ ಹಾಗೆ ಹುಟ್ಟಿದ್ದು. ಓಹಾಯೋ ರಾಜ್ಯದ ರಾಜಧಾನಿ ಮೊದಲು ಚಿಲಿಕಾಥಿ, ಆಮೇಲೆ ಝೇನ್ಸ್‌ವಿಲ್, ಮತ್ತೆ ಚಿಲಿಕಾಥಿ ಎಂದು ತಿರುಗುತ್ತಿತ್ತು. ಸಯೋಟೊ ನದಿಯ ಪೂರ್ವ ದಂಡೆಯಲ್ಲಿ ಕಾಡುನೆಲ ಹಿಡಿದಿದ್ದ ನಾಲ್ವರು ಭೂಮಾಲೀಕರು ಮುಂದೆ ಬಂದು, ಊರಿಗೆ ಗೆರೆ ಹಾಕಿಕೊಡುತ್ತೇವೆ, ಶಾಸನಸಭೆಗೆ ಕಟ್ಟಡ ಕಟ್ಟಿಸುತ್ತೇವೆ, ಅದರ ಜೊತೆಗೆ ಒಂದು ಸೆರೆಮನೆಯನ್ನೂ ಕಟ್ಟಿಸಿಕೊಡುತ್ತೇವೆ ಎಂದು ಬರೆದುಕೊಟ್ಟರು. 1812ರಲ್ಲಿ ಶಾಸನಸಭೆ ಒಪ್ಪಿತು, 1816ರಲ್ಲಿ ಸರ್ಕಾರ ಬಂದಿಳಿಯಿತು. ಈಗ ನಗರದ ನಡುವೆ ನಿಂತಿರುವ ಸುಣ್ಣಕಲ್ಲಿನ ಶಾಸನಸಭಾ ಭವನ ಅದರ ನಂತರದ್ದು. 1839ರಿಂದ 1861ರವರೆಗೆ ನಿಂತು ನಿಂತು ನಡೆದ ಆ ಕಟ್ಟಡದ ಕೆಲಸಕ್ಕೆ ಅದೇ ಊರಿನ ಸೆರೆಮನೆಯ ಕೈದಿಗಳನ್ನೂ ಹಚ್ಚಿದ್ದರು. ಭವನದ ಸುತ್ತ ನಡೆದು ನೋಡಿದರೆ ಸಾಲುಗಂಬಗಳ ಮೇಲೆ ಗುಮ್ಮಟ ಇರಬೇಕಾದಲ್ಲಿ ಚಪ್ಪಟೆ ಚಾವಣಿಯ ಒಂದು ದುಂಡು ಗೋಪುರವಷ್ಟೇ ಕಾಣುತ್ತದೆ. ಬೇರೆ ರಾಜ್ಯಗಳ ಗುಮ್ಮಟಗಳನ್ನು ನೋಡಿ ಬಂದವರು ಇದು ಅರ್ಧಕ್ಕೆ ನಿಂತಿದೆಯೇ ಎಂದು ಕೇಳುವುದುಂಟು. ಕೊಲಂಬಸ್ ಮಾತ್ರ ಅರ್ಧಕ್ಕೆ ನಿಲ್ಲಲಿಲ್ಲ. ಕ್ಲೀವ್‌ಲ್ಯಾಂಡ್, ಸಿನ್ಸಿನಾಟಿ ಎರಡನ್ನೂ ಮೀರಿಸಿ ಇಂದು ಒಂಬತ್ತು ಲಕ್ಷದ ಊರಾಗಿದೆ.

ವಿಸ್ಕಾನ್ಸಿನ್‌ನ ಮ್ಯಾಡಿಸನ್ ಕಥೆ ಇನ್ನೂ ನೇರ. ಜೇಮ್ಸ್ ಡೋಟಿ ಎಂಬ ಮಾಜಿ ನ್ಯಾಯಾಧೀಶ ಎರಡು ಸರೋವರಗಳ ನಡುವಿನ ಕಿರಿದಾದ ನೆಲವನ್ನು ಕೊಂಡಿದ್ದ. 1836ರಲ್ಲಿ ಬೆಲ್ಮಾಂಟ್ ಎಂಬಲ್ಲಿ ಪ್ರಾಂತ್ಯದ ಶಾಸನಸಭೆ ಸೇರಿದಾಗ ಅವನು ಇನ್ನೂ ಕಟ್ಟದ ಊರಿನ ನಕಾಶೆ ಹಿಡಿದು ಹಾಜರಾದ. ಚಳಿಗಾಲ, ಸರಿಯಾದ ಬಿಸಿಯಿಲ್ಲದ ಕಟ್ಟಡ. ಡೋಟಿ ಸದಸ್ಯರಿಗೆ ಕಾಡೆಮ್ಮೆಯ ಚರ್ಮದ ಹೊದಿಕೆಗಳನ್ನು ಹಂಚಿದ, ಕೆಲವರಿಗೆ ಭಾವೀ ರಾಜಧಾನಿಯ ನಿವೇಶನಗಳನ್ನೂ ಕೊಟ್ಟ. ಅದೇ ವರ್ಷ ತೀರಿಕೊಂಡಿದ್ದ ಮಾಜಿ ಅಧ್ಯಕ್ಷ ಜೇಮ್ಸ್ ಮ್ಯಾಡಿಸನ್ನರ ಹೆಸರನ್ನು ಊರಿಗೆ, ಸಂವಿಧಾನಕ್ಕೆ ಸಹಿ ಹಾಕಿದವರ ಹೆಸರುಗಳನ್ನು ಬೀದಿಗಳಿಗೆ ಇಟ್ಟಿದ್ದ. ಅಂಥ ಹೆಸರಿಗೆ ವಿರೋಧವಾಗಿ ಮತ ಹಾಕುವುದಾದರೂ ಹೇಗೆ!

ಮಿನ್ನೆಸೋಟಾದಲ್ಲಿ ಇದರ ತಿರುವುಮುರುವು. 1857ರಲ್ಲಿ ರಾಜಧಾನಿಯನ್ನು ಸೇಂಟ್ ಪಾಲ್‌ನಿಂದ ಸೇಂಟ್ ಪೀಟರ್ ಎಂಬ ಊರಿಗೆ ಒಯ್ಯುವ ಮಸೂದೆ ಎರಡೂ ಸದನಗಳಲ್ಲಿ ಪಾಸಾಯಿತು. ಗವರ್ನರನಿಗೆ ಆ ಊರಿನ ಜಮೀನಿನಲ್ಲಿ ಪಾಲಿತ್ತು. ಪಾಸಾದ ಮಸೂದೆಗಳನ್ನು ನೋಡಿಕೊಳ್ಳುವ ಸಮಿತಿಯ ಅಧ್ಯಕ್ಷ ಜೋ ರೊಲೆಟ್ ಎಂಬ ತುಪ್ಪಳದ ವ್ಯಾಪಾರಿ. ಆತ ಮಸೂದೆಯ ಪ್ರತಿಯನ್ನು ಎತ್ತಿಕೊಂಡು ಮಾಯವಾದ, ಹೋಟೆಲಿನ ಕೋಣೆಯೊಂದರಲ್ಲಿ ಅಡಗಿ ಕುಳಿತ, ಅಧಿವೇಶನದ ಅವಧಿ ಮುಗಿಯುವ ಹೊತ್ತಿಗೆ ಸರಿಯಾಗಿ ಸದನದಲ್ಲಿ ಪ್ರತ್ಯಕ್ಷನಾದ. ಗವರ್ನರ್ ಇನ್ನೊಂದು ಪ್ರತಿಗೆ ಸಹಿ ಮಾಡಿದ್ದನಾದರೂ ನ್ಯಾಯಾಲಯ ಅದನ್ನು ಮಾನ್ಯ ಮಾಡಲಿಲ್ಲ. ಸೇಂಟ್ ಪಾಲ್ ರಾಜಧಾನಿಯಾಗಿಯೇ ಉಳಿಯಿತು.

ಓಕ್ಲಹೋಮಾ ಪ್ರಸಂಗ ಕಾನೂನಿನ ದೃಷ್ಟಿಯಿಂದ ಮುಖ್ಯ. ಆ ಪ್ರದೇಶವನ್ನು ರಾಜ್ಯವಾಗಿ ಸೇರಿಸಿಕೊಳ್ಳುವ 1906ರ ಕಾಯ್ದೆಯಲ್ಲಿ, 1913ರವರೆಗೆ ಗಥ್ರಿ ಊರೇ ರಾಜಧಾನಿಯಾಗಿರಬೇಕೆಂದು ವಾಷಿಂಗ್ಟನ್ನಿನ ಕಾಂಗ್ರೆಸ್ಸು ಷರತ್ತು ಹಾಕಿತ್ತು. 1910ರ ಜೂನ್‌ನಲ್ಲಿ ಜನ ಓಕ್ಲಹೋಮಾ ಸಿಟಿಯ ಪರವಾಗಿ ಮತ ಹಾಕಿದ್ದೇ ತಡ, ಗವರ್ನರ್ ಹ್ಯಾಸ್ಕೆಲ್ ಅಲ್ಲಿನ ಹೋಟೆಲೊಂದರಲ್ಲಿ ಕಚೇರಿ ತೆರೆದ; ರಾಜ್ಯದ ಮುದ್ರೆಯನ್ನು ರಾತ್ರಿ ಗಥ್ರಿಯಿಂದ ಸಾಗಿಸಿದರೆಂಬ ಕಥೆಯನ್ನು ಜನ ಇಂದಿಗೂ ಹೇಳುತ್ತಾರೆ. ಸುಪ್ರೀಂ ಕೋರ್ಟು 1911ರಲ್ಲಿ, ರಾಜಧಾನಿಯ ಜಾಗವನ್ನು ಗೊತ್ತುಮಾಡುವ ಅಧಿಕಾರ ರಾಜ್ಯದ್ದೇ ಹೊರತು ಕಾಂಗ್ರೆಸ್ಸಿನದಲ್ಲ ಎಂದು ತೀರ್ಪು ಕೊಟ್ಟಿತು. ನಿಯಮವಿತ್ತೇ ಎಂದು ಮೇಷ್ಟ್ರು ಕೇಳಿದ್ದಕ್ಕೆ ಇದೇ ಅಧಿಕೃತ ಉತ್ತರವೆನ್ನಬಹುದು.

ಪ್ರಶ್ನೆ ಕೇಳಿದವರು: ಸಮಾಜವಿಜ್ಞಾನ ಮೇಷ್ಟ್ರು, ಸಾಗರ

ಇಬ್ಬರಿಗೂ ಧನ್ಯವಾದಗಳು. ಕಾಡೆಮ್ಮೆಯ ಹೊದಿಕೆಯ ಕಥೆಯನ್ನು ಈ ದಿನ ತರಗತಿಯಲ್ಲಿ ಹೇಳಿದೆ, ಮ್ಯಾಡಿಸನ್ ಹೆಸರನ್ನು ಇನ್ನು ಯಾರೂ ಮರೆಯಲಾರರು. ಈಗ ಎರಡು ಉಪಪ್ರಶ್ನೆಗಳು ಎದ್ದಿವೆ. ಕ್ಯಾಲಿಫೋರ್ನಿಯಾದಲ್ಲಿ ಸ್ಯಾನ್ ಫ್ರಾನ್ಸಿಸ್ಕೊ ಆಗಲೇ ದೊಡ್ಡ ಊರಾಗಿತ್ತಲ್ಲವೇ, ಹಾಗಾದರೆ ಸ್ಯಾಕ್ರಮೆಂಟೊ ಏಕೆ? ಇನ್ನೊಂದು, ಅಲಾಸ್ಕಾದ ರಾಜಧಾನಿ ಜುನೋಗೆ ರಸ್ತೆಯೇ ಇಲ್ಲವೆಂದು ಒಂದು ಪುಸ್ತಕದಲ್ಲಿ ಓದಿದೆ. ರಸ್ತೆಯಿಲ್ಲದ ಊರು ರಾಜಧಾನಿಯಾಗಿ ಇಂದಿಗೂ ಉಳಿದಿರುವುದು ನಂಬಲು ಕಷ್ಟವಾಗುತ್ತಿದೆ. ಅಲ್ಲಿನ ಜನ ಬದಲಾಯಿಸಲು ಯತ್ನಿಸಲಿಲ್ಲವೇ?

ಉತ್ತರ: ಮೈಸೂರಿನವಳು, ಈಗ ಕ್ಯಾಲಿಫೋರ್ನಿಯಾ

ಮೇಷ್ಟ್ರಿಗೆ ನಮಸ್ಕಾರ. ಕ್ಯಾಲಿಫೋರ್ನಿಯಾ 1850ರಲ್ಲಿ ರಾಜ್ಯವಾಯಿತು. ಅದಕ್ಕೆ ಎರಡು ವರ್ಷ ಹಿಂದೆ, 1848ರ ಜನವರಿಯಲ್ಲಿ, ಕಲೋಮಾ ಎಂಬಲ್ಲಿ ಸಟರ್ ಎಂಬಾತನ ಮರ ಕೊಯ್ಯುವ ಗಿರಣಿಯ ಕಾಲುವೆಯಲ್ಲಿ ಚಿನ್ನ ಕಂಡಿತ್ತು. ಗಣಿಗಾರರೆಲ್ಲ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಹಡಗಿನಿಂದಿಳಿದು, ದೋಣಿ ಹಿಡಿದು ನದಿಯಲ್ಲಿ ಮೇಲೇರಿ, ಸ್ಯಾಕ್ರಮೆಂಟೊದಲ್ಲಿ ಸಲಿಕೆ, ಹಿಟ್ಟು, ಬೂಟು ಕೊಂಡು ಬೆಟ್ಟಕ್ಕೆ ಹೋಗುತ್ತಿದ್ದರು. ಹಣ ಓಡಾಡುತ್ತಿದ್ದುದು ಆ ದಾರಿಯಲ್ಲಿ. ಶಾಸನಸಭೆ ಮಾತ್ರ ಸ್ಯಾನ್ ಹೋಸೆ, ವಲೇಹೊ, ಬೆನಿಷಿಯಾ ಎಂದು ಊರೂರು ಸುತ್ತುತ್ತಿತ್ತು. ವಲೇಹೊ ಊರಿಗೆ ತನ್ನ ಹೆಸರನ್ನು ಕೊಟ್ಟ ಜನರಲ್ ವಲೇಹೊ ನೆಲವನ್ನೂ ಹಣವನ್ನೂ ಕೊಡುವುದಾಗಿ ಮಾತು ಕೊಟ್ಟಿದ್ದರೂ, ಸದಸ್ಯರು ಬಂದು ನೋಡಿದಾಗ ಅಲ್ಲಿ ಉಳಿಯಲು ಸರಿಯಾದ ಕೋಣೆಗಳೂ ಇರಲಿಲ್ಲ. ಸ್ಯಾಕ್ರಮೆಂಟೊ ತನ್ನ ನ್ಯಾಯಾಲಯದ ಕಟ್ಟಡವನ್ನು ಬಿಟ್ಟುಕೊಡಲು ಮುಂದಾಯಿತು, 1854ರಲ್ಲಿ ರಾಜಧಾನಿ ಅಲ್ಲಿಗೆ ಬಂದಿತು.

ಎರಡು ನದಿಗಳು ಸೇರುವ ತಗ್ಗು ನೆಲದಲ್ಲಿ ಊರು ಕಟ್ಟಿದ ಫಲ 1862ರ ಜನವರಿಯಲ್ಲಿ ಕಂಡಿತು. ವಾರಗಟ್ಟಲೆ ಸುರಿದ ಮಳೆಗೆ ಊರೆಲ್ಲ ನೀರು ತುಂಬಿದ್ದಾಗಲೇ ಹೊಸ ಗವರ್ನರ್ ಲೀಲಂಡ್ ಸ್ಟ್ಯಾನ್‌ಫರ್ಡ್ ಅಧಿಕಾರ ಸ್ವೀಕರಿಸಬೇಕಿತ್ತು. ಅವರು ಹುಟ್ಟು ಹಾಕುವ ದೋಣಿಯಲ್ಲಿ ಸಮಾರಂಭಕ್ಕೆ ಹೋದರು. ಮರಳಿ ಬಂದಾಗ ಮನೆಯ ಮಹಡಿಯ ಕಿಟಕಿಯಿಂದ ಒಳಗೆ ಹೋಗಬೇಕಾಯಿತೆಂದು ಹೇಳುತ್ತಾರೆ. ಶಾಸನಸಭೆ ಆ ಅಧಿವೇಶನದ ಉಳಿದ ಭಾಗಕ್ಕೆ ಸ್ಯಾನ್ ಫ್ರಾನ್ಸಿಸ್ಕೊಗೆ ಗುಳೆ ಹೋಯಿತು. ರಾಜಧಾನಿ ಕೈತಪ್ಪುವ ಭಯಕ್ಕೆ ಊರಿನ ವರ್ತಕರು ಮಾಡಿದ ಕೆಲಸ ಮೆಚ್ಚತಕ್ಕದ್ದು: ನದಿಯ ದಂಡೆಗಳಿಗೆ ಏರಿ ಕಟ್ಟುವುದರ ಜೊತೆಗೆ ಪೇಟೆಯ ಬೀದಿಗಳನ್ನೇ ಮಣ್ಣು ತುಂಬಿ ಎತ್ತರಿಸಿದರು, ಕಟ್ಟಡಗಳನ್ನು ತಿರುಪು ಜಾಕುಗಳಿಂದ ಇಂಚಿಂಚಾಗಿ ಮೇಲೆತ್ತಿದರು. ಎತ್ತಲಾಗದ ಕಟ್ಟಡಗಳ ನೆಲಮಹಡಿ ನೆಲಮಾಳಿಗೆಯಾಯಿತು. ಹಳೆಯ ಪೇಟೆಯಲ್ಲಿ ಈಗಲೂ ಕಾಲುದಾರಿಯ ಅಡಿಯಲ್ಲಿ ಟೊಳ್ಳಾದ ಜಾಗಗಳಿದ್ದು, ಮಾರ್ಗದರ್ಶಿಗಳು ಕರೆದೊಯ್ದು ತೋರಿಸುತ್ತಾರೆ. ಒಳಗೆ ನಿಂತರೆ, ಒಂದು ಕಾಲಕ್ಕೆ ಬೀದಿಯ ಮಟ್ಟದಲ್ಲಿದ್ದ ಬಾಗಿಲು, ಕಿಟಕಿಗಳ ಗುರುತು ಇಟ್ಟಿಗೆ ಗೋಡೆಯಲ್ಲಿ ಕಾಣುತ್ತದೆ, ಜನರ ಹೆಜ್ಜೆಯ ಸದ್ದು ತಲೆಯ ಮೇಲೆ ಕೇಳುತ್ತದೆ. 1869ರಲ್ಲಿ ಖಂಡವನ್ನು ದಾಟುವ ರೈಲುಮಾರ್ಗದ ಪಶ್ಚಿಮದ ಭಾಗ ಇಲ್ಲಿಂದಲೇ ಹೊರಟು ಪೂರ್ತಿಯಾದ ಮೇಲೆ, 1879ರ ಸಂವಿಧಾನದಲ್ಲಿ ಸ್ಯಾಕ್ರಮೆಂಟೊ ಹೆಸರು ಗಟ್ಟಿಯಾಯಿತು.

ಇನ್ನು ಜುನೋ. ನೀವು ಓದಿದ್ದು ನಿಜ. ಊರಿನೊಳಗೆ ರಸ್ತೆಗಳಿವೆ, ಹೊರಗಿನಿಂದ ಬರುವ ಹೆದ್ದಾರಿಯಿಲ್ಲ. ಬೆನ್ನಿಗೆ ಹಿಮಗಡ್ಡೆಯ ಬೆಟ್ಟಗಳು, ಎದುರಿಗೆ ಸಮುದ್ರದ ಕಾಲುವೆ. ವಿಮಾನ ಅಥವಾ ಹಡಗು ಎರಡೇ ದಾರಿ. ಹೊನೊಲುಲುವಿಗೂ ಬೇರೆ ರಾಜ್ಯದಿಂದ ಕಾರಿನಲ್ಲಿ ಹೋಗಲಾಗದು, ಆದರೆ ಅದು ದ್ವೀಪ. ಜುನೋ ಖಂಡದ ನೆಲದ ಮೇಲೆಯೇ ಇದ್ದೂ ಹೀಗಿದೆ. 1880ರಲ್ಲಿ ಅಲ್ಲಿನ ಮೂಲನಿವಾಸಿಗಳಾದ ಟ್ಲಿಂಗಿಟ್ ಜನರ ಮುಖ್ಯಸ್ಥ ಕೋವೀ ಎಂಬಾತನ ಮಾರ್ಗದರ್ಶನದಲ್ಲಿ ಬಂದ ಜೋ ಜುನೋ, ರಿಚರ್ಡ್ ಹ್ಯಾರಿಸ್ ಎಂಬಿಬ್ಬರು ಇಲ್ಲಿ ಚಿನ್ನ ಕಂಡರು. ದಾರಿ ತೋರಿಸಿದವನ ಹೆಸರು ಊರಿಗೆ ಬರಲಿಲ್ಲ ಎಂಬುದನ್ನು ಮಕ್ಕಳಿಗೆ ಹೇಳಲು ಮರೆಯಬೇಡಿ. ರಷ್ಯನ್ನರ ಕಾಲದ ಸಿಟ್ಕಾದಿಂದ ಸರ್ಕಾರಿ ಕಚೇರಿಗಳು 1906ರಲ್ಲಿ ಇಲ್ಲಿಗೆ ಬಂದವು. ಆಗ ಅಲಾಸ್ಕಾದ ಓಡಾಟವೆಲ್ಲ ಹಡಗಿನಲ್ಲಿ, ಆದ್ದರಿಂದ ರಸ್ತೆಯಿಲ್ಲದಿರುವುದು ಕೊರತೆಯೆಂದು ಯಾರಿಗೂ ಅನ್ನಿಸಲಿಲ್ಲ.

ಜನ ಬದಲಾಯಿಸಲು ಯತ್ನಿಸಿದ್ದುಂಟು. 1974ರಲ್ಲಿ ರಾಜಧಾನಿಯನ್ನು ಸ್ಥಳಾಂತರಿಸಬೇಕೆಂದು ಮತ ಹಾಕಿದರು, 1976ರಲ್ಲಿ ಆಂಕರೇಜ್‌ನ ಉತ್ತರಕ್ಕಿರುವ ವಿಲ್ಲೋ ಎಂಬ ಜಾಗವನ್ನು ಆರಿಸಿದರು. ಹೊಸ ಊರು ಕಟ್ಟಲು ತಗಲುವ ಖರ್ಚಿನ ಲೆಕ್ಕ ಮುಂದೆ ಬಂದಾಗ 1982ರಲ್ಲಿ ಅದೇ ಮತದಾರರು ಹಣ ಒದಗಿಸಲು ಒಪ್ಪಲಿಲ್ಲ. ಹೀಗಾಗಿ ಸುಮಾರು 32,000 ಜನರ ಜುನೋ, ಅದರ ಒಂಬತ್ತರಷ್ಟು ಜನರಿರುವ ಆಂಕರೇಜ್‌ನ ಶಾಸಕರನ್ನು ಪ್ರತಿ ಜನವರಿಯಲ್ಲಿ ವಿಮಾನದಿಂದ ಇಳಿಸಿಕೊಳ್ಳುತ್ತದೆ. ಮಂಜು ಕವಿದರೆ ವಿಮಾನ ಇಳಿಯದೆ ಮುಂದಿನ ಊರಿಗೆ ಹೋಗಿಬಿಡುವುದೂ ಇದೆ.

ಉತ್ತರ: ಕ್ವಿಜ್ ಮಾಸ್ತರ, ಹುಬ್ಬಳ್ಳಿ

ಸ್ಪರ್ಧೆಗಳಿಗೆ ಪ್ರಶ್ನೆ ತಯಾರಿಸುವವನಾಗಿ ಕೆಲವು ಎಚ್ಚರಿಕೆಯ ಮಾತುಗಳನ್ನು ಸೇರಿಸುತ್ತೇನೆ ಸರ್. ಮಕ್ಕಳು ಎಡವುವುದು ದೊಡ್ಡ ನಗರಗಳಲ್ಲಿ ಮಾತ್ರವಲ್ಲ, ಒಂದೇ ಬಗೆಯ ಹೆಸರುಗಳಲ್ಲಿಯೂ. ಚಾರ್ಲ್ಸ್‌ಟನ್ ಪಶ್ಚಿಮ ವರ್ಜೀನಿಯಾದ ರಾಜಧಾನಿ. ದಕ್ಷಿಣ ಕೆರೊಲಿನಾದ ಪ್ರಸಿದ್ಧ ಚಾರ್ಲ್ಸ್‌ಟನ್ 1786ರಲ್ಲಿ ಆ ಪಟ್ಟ ಕಳೆದುಕೊಂಡದ್ದನ್ನು ಮೇಲೆ ಓದಿದ್ದೀರಿ. ಕೊಲಂಬಿಯಾ ದಕ್ಷಿಣ ಕೆರೊಲಿನಾದ್ದು, ಕೊಲಂಬಸ್ ಓಹಾಯೋದ್ದು. ಆಗಸ್ಟಾ ಮೇನ್ ರಾಜ್ಯದ ರಾಜಧಾನಿ. ಜಾರ್ಜಿಯಾದಲ್ಲಿರುವ ಆಗಸ್ಟಾ ಕೂಡ ಒಮ್ಮೆ ಆ ರಾಜ್ಯದ ರಾಜಧಾನಿಯಾಗಿತ್ತು. ಪೋರ್ಟ್‌ಲ್ಯಾಂಡ್ ಈಗ ಯಾವುದರದೂ ಅಲ್ಲ. ಮೇನ್‌ನ ಪೋರ್ಟ್‌ಲ್ಯಾಂಡ್ 1832ರವರೆಗೆ ರಾಜಧಾನಿಯಾಗಿತ್ತು, ಒರೆಗಾನ್‌ನ ಪೋರ್ಟ್‌ಲ್ಯಾಂಡ್‌ಗೆ ಆ ಹೆಸರು ಬಂದದ್ದು 1845ರಲ್ಲಿ ನಾಣ್ಯ ಚಿಮ್ಮಿಸಿ. ಒರೆಗಾನ್ ರಾಜಧಾನಿ ಸೇಲಂ, ತಮಿಳುನಾಡಿನದಲ್ಲ ಎಂದು ಮಕ್ಕಳು ನಗುತ್ತಾರೆ, ನೆನಪಿಟ್ಟುಕೊಳ್ಳುತ್ತಾರೆ.

ಅಧ್ಯಕ್ಷರ ಹೆಸರಿನವು ನಾಲ್ಕು: ಮಿಸಿಸಿಪ್ಪಿಯ ಜಾಕ್ಸನ್, ಮಿಸ್ಸೌರಿಯ ಜೆಫರ್ಸನ್ ಸಿಟಿ, ನೆಬ್ರಾಸ್ಕಾದ ಲಿಂಕನ್, ವಿಸ್ಕಾನ್ಸಿನ್‌ನ ಮ್ಯಾಡಿಸನ್. ಉತ್ತರ ಡಕೋಟಾದ ಬಿಸ್ಮಾರ್ಕ್ ಜರ್ಮನಿಯ ಚಾನ್ಸಲರನ ಹೆಸರು. ಜರ್ಮನ್ ಹಣವೂ ವಲಸೆಗಾರರೂ ಬರಲಿ ಎಂಬ ಆಸೆಯಿಂದ ರೈಲ್ವೆ ಕಂಪನಿ 1873ರಲ್ಲಿ ಇಟ್ಟದ್ದು. ಅತಿ ಚಿಕ್ಕ ರಾಜಧಾನಿ ವರ್ಮಾಂಟ್‌ನ ಮಾಂಟ್‌ಪೀಲಿಯರ್, ಜನಸಂಖ್ಯೆ ಎಂಟು ಸಾವಿರದಷ್ಟು. ನಮ್ಮ ಕಡೆಯ ಒಂದು ದೊಡ್ಡ ಗ್ರಾಮ ಪಂಚಾಯಿತಿಯ ಲೆಕ್ಕ. ಅತಿ ದೊಡ್ಡದು ಅರಿಜೋನಾದ ಫೀನಿಕ್ಸ್, 16 ಲಕ್ಷ. ದಶಲಕ್ಷ ದಾಟಿದ ರಾಜಧಾನಿ ಅದೊಂದೇ ಎಂದು 2020ರ ಜನಗಣತಿ ಹೇಳುತ್ತದೆ. ನಕಾಶೆ ಬಿಡಿಸಿ ತೋರಿಸಲು ಒಂದು: ನೆವಾಡಾದ ಕಾರ್ಸನ್ ಸಿಟಿ, ಸಮುದ್ರದಂಡೆಯ ಲಾಸ್ ಏಂಜಲೀಸ್‌ಗಿಂತ ಪಶ್ಚಿಮಕ್ಕಿದೆ. ರೇಖಾಂಶದ ಪಾಠಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ.

ನಡುಭಾಗದ ಸಿದ್ಧಾಂತಕ್ಕೆ ಒಂದು ಅಪವಾದವನ್ನೂ ಹೇಳಿಬಿಡುತ್ತೇನೆ. ಯೂಟಾ ಪ್ರಾಂತ್ಯದವರು 1851ರಲ್ಲಿ ನಕಾಶೆಯ ನಡುವೆ ಫಿಲ್ಮೋರ್ ಎಂಬ ಊರನ್ನು ರಾಜಧಾನಿಯೆಂದು ಗೊತ್ತುಮಾಡಿ, ಭವನದ ಒಂದು ಪಾರ್ಶ್ವವನ್ನು ಕಟ್ಟಿಯೂ ಮುಗಿಸಿದರು. ಸದಸ್ಯರಿಗೆ ಅಲ್ಲಿನ ವಸತಿ ಹಿಡಿಸಲಿಲ್ಲ. 1856ರಲ್ಲಿ ಎಲ್ಲರೂ ಸಾಲ್ಟ್ ಲೇಕ್ ಸಿಟಿಗೆ ವಾಪಸಾದರು, ಉಳಿದ ಪಾರ್ಶ್ವಗಳನ್ನು ಯಾರೂ ಕಟ್ಟಲಿಲ್ಲ.

ಕೊನೆಯದಾಗಿ, "ಅತಿ ಹಳೆಯ ರಾಜಧಾನಿ ಯಾವುದು" ಎಂಬ ಪ್ರಶ್ನೆ ಬಂದರೆ ಮಕ್ಕಳು ಪ್ರಶ್ನೆಯನ್ನು ಪೂರ್ತಿ ಕೇಳಿಸಿಕೊಳ್ಳಲಿ. ಊರಿನ ವಯಸ್ಸು ಕೇಳಿದರೆ ನ್ಯೂ ಮೆಕ್ಸಿಕೋದ ಸಾಂಟಾ ಫೇ. ಸ್ಪೇನಿನವರು 1610ರಲ್ಲಿ ಅದನ್ನು ಆಡಳಿತ ಕೇಂದ್ರವಾಗಿ ಮಾಡಿಕೊಂಡಿದ್ದರು, ಸುಮಾರು 2,100 ಮೀಟರ್ ಎತ್ತರದಲ್ಲಿರುವ ಅದು ಅತಿ ಎತ್ತರದ ರಾಜಧಾನಿಯೂ ಹೌದು. ಆದರೆ ನ್ಯೂ ಮೆಕ್ಸಿಕೋ ರಾಜ್ಯವಾದದ್ದು 1912ರಲ್ಲಿ. ಇಂದಿಗೂ ಶಾಸನಸಭೆ ಸೇರುತ್ತಿರುವ ಅತಿ ಹಳೆಯ ಭವನ ಕೇಳಿದರೆ ಮೇರಿಲ್ಯಾಂಡ್‌ನ ಅನಾಪೊಲಿಸ್‌ನಲ್ಲಿ 1772ರಲ್ಲಿ ಕಟ್ಟಲು ತೊಡಗಿದ್ದು. 1783ರ ಡಿಸೆಂಬರ್ 23ರಂದು ಜಾರ್ಜ್ ವಾಷಿಂಗ್ಟನ್ ಸೇನಾಪತಿಯ ಹುದ್ದೆಗೆ ರಾಜೀನಾಮೆ ಕೊಟ್ಟದ್ದು ಅದೇ ಭವನದಲ್ಲಿ. ಡೆನ್ವರ್ ಸಮುದ್ರಮಟ್ಟದಿಂದ ಸರಿಯಾಗಿ ಒಂದು ಮೈಲಿ ಎತ್ತರದಲ್ಲಿದೆಯೆಂಬ ಪ್ರಶ್ನೆಯೂ ಆಗಾಗ ಬರುತ್ತದೆ. ಆ ಎತ್ತರವನ್ನು ಅಲ್ಲಿನ ಶಾಸನಸಭಾ ಭವನದ ಹದಿನೈದನೆಯ ಮೆಟ್ಟಿಲ ಮೇಲೆ ಕೆತ್ತಿದ್ದರು, 1969ರಲ್ಲಿ ವಿದ್ಯಾರ್ಥಿಗಳು ಅಳೆದು ಹದಿನೆಂಟನೆಯ ಮೆಟ್ಟಿಲು ಎಂದರು, 2003ರ ಅಳತೆಯಲ್ಲಿ ಅದು ಹದಿಮೂರನೆಯದಕ್ಕೆ ಇಳಿಯಿತು. ಮೆಟ್ಟಿಲಿನ ಸಂಖ್ಯೆ ಕೇಳಿದರೆ ಯಾವ ವರ್ಷದ ಅಳತೆಯೆಂದು ಮಕ್ಕಳು ತೀರ್ಪುಗಾರರನ್ನು ಮರುಪ್ರಶ್ನೆ ಕೇಳಬಹುದು. ನಮ್ಮ ಸ್ಪರ್ಧೆಗಳಲ್ಲಿ ಅದಕ್ಕೆ ಅವಕಾಶ ಕೊಡುತ್ತೇವೆ.